ಮಂಟೇಸ್ವಾಮಿಯೂ ಹೆವಿ ಮೆಟಲ್ ಹುಡುಗರೂ

ಕಲ್ಯಾಣದ ಬಾಗಿಲಿಗೆ ಒಬ್ಬ ಬಂದಿದ್ದಾನೆ. ಮೈತುಂಬ ಹುಣ್ಣು, ಕೀವು. ಸುತ್ತ ನೊಣ ಮುತ್ತಿವೆ. ಹರಕು ಬಟ್ಟೆ, ಜೊತೆಯಲ್ಲಿ ಹೆಂಡ, ಬಾಡು. ಗಬ್ಬು ವಾಸನೆ ಅವನಿಗಿಂತ ಮೊದಲೇ ಬೀದಿ ದಾಟಿ ಬಂದಿದೆ. ಒಳಗೆ ಶರಣರ ಪಂಕ್ತಿ ಕೂತಿದೆ. ಬಾಗಿಲು ಕಾಯುವವರು ಅವನನ್ನು ಒಳಗೆ ಬಿಡುವುದಿಲ್ಲ, ಎಳೆದು ತಿಪ್ಪೆಗೆ ಬಿಸಾಕುತ್ತಾರೆ. ತಿಪ್ಪೆಯಲ್ಲಿ ಬಿದ್ದಿರುವವನೇ ಪರಂಜ್ಯೋತಿ, ಧರೆಗೆ ದೊಡ್ಡವರು, ಮಂಟೇಸ್ವಾಮಿ ಎಂಬುದು ಬಸವಣ್ಣನಿಗೂ ನೀಲಮ್ಮನಿಗೂ ಆಮೇಲೆ ತಿಳಿಯುತ್ತದೆ. ಚಾಮರಾಜನಗರ, ಗುಂಡ್ಲುಪೇಟೆ, ಕೊಳ್ಳೇಗಾಲ, ಮಳವಳ್ಳಿ ಸೀಮೆಯಲ್ಲಿ ಮಂಟೇಸ್ವಾಮಿಯ ದೀಕ್ಷೆ ಪಡೆದ ಹಾಡುಗಾರರಾದ ನೀಲಗಾರರು ಈ ಕಥೆಯನ್ನು ತಂಬೂರಿ, ಡಿಕ್ಕಿ, ಗಗ್ಗರ, ತಾಳಗಳ ಜೊತೆ ಬೆಳಗಿನ ಜಾವದವರೆಗೂ ಹಾಡುತ್ತಾರೆ.

ಇನ್ನೊಂದು ತಂಡ ಭೂಗೋಳದ ಆಚೆ ಬದಿಯದು. 1984ರಲ್ಲಿ ಅಮೆರಿಕದ ವರ್ಜೀನಿಯಾ ರಾಜ್ಯದ ರಿಚ್ಮಂಡ್‌ನಲ್ಲಿ ‘ಗ್ವಾರ್’ ಎಂಬ ಹೆವಿ ಮೆಟಲ್ ತಂಡ ಹುಟ್ಟಿತು. ಅದರವರು ರಬ್ಬರಿನ ರಾಕ್ಷಸ ಮೈ, ಕೊಂಬು, ಕೋರೆಹಲ್ಲು ತೊಟ್ಟು ವೇದಿಕೆಗೆ ಬರುತ್ತಾರೆ. ತಾವು ಮನುಷ್ಯರೇ ಅಲ್ಲ, ಬೇರೆ ಲೋಕದಿಂದ ಹೊರದಬ್ಬಿಸಿಕೊಂಡು ಈ ಭೂಮಿಗೆ ಬಿದ್ದವರು ಎಂಬುದು ಅವರು ಕಟ್ಟಿಕೊಂಡ ಕಥೆ. ಹಾಡಿನ ನಡುವೆ ನೆತ್ತರ ಬಣ್ಣದ ನೀರನ್ನು ಜನರ ಮೇಲೆ ಎರಚುತ್ತಾರೆ. ಅಭಿಮಾನಿಗಳು ಬೇಕೆಂದೇ ಬಿಳಿ ಬನಿಯನ್ ತೊಟ್ಟು ಹೋಗಿ ತೊಯ್ದು ಬರುತ್ತಾರೆ. ಮರ್ಯಾದಸ್ಥರು ಮೂಗು ಮುಚ್ಚಿಕೊಳ್ಳಲಿ ಎಂದೇ ಮಾಡಿದ ಆಟ ಅದು.

ಇವೆರಡೂ ಒಂದೇ ತೂಕದವು ಎಂದು ಯಾರೂ ಹೇಳಲಾರರು. ಗ್ವಾರ್‌ನದು ವಿಡಂಬನೆ, ನೀಲಗಾರರದು ಭಕ್ತಿ. ಆದರೂ ನಂಟಿದೆ. ನೋಡಲಾಗದ ರೂಪವೊಂದನ್ನು ತಂದು ಊರಿನ ಮುಂದೆ ನಿಲ್ಲಿಸುವುದು, ಬಾಗಿಲು ಹಾಕಿಕೊಂಡವರ ಮುಖವನ್ನು ಅವರಿಗೇ ತೋರಿಸುವುದು ಎರಡೂ ಕಡೆಯ ಕೆಲಸ. ಚಾಮರಾಜನಗರ ಜಿಲ್ಲೆಯ ಜನಕ್ಕೆ ಈ ಮಾತು ಮುಖ್ಯವಾಗಬೇಕು. ಹೊರಗಿನವನೇ ದೇವರು ಎಂದು ಹಾಡುವ ಪರಂಪರೆ ಅವರ ಮನೆ ಬಾಗಿಲಲ್ಲೇ ಇದೆ. ಆ ಪರಂಪರೆಯ ಒರಟುತನವನ್ನು ಒರೆಸಿ, ಅದನ್ನು ಸಭ್ಯವಾದ ಹತ್ತು ನಿಮಿಷದ ಕುಣಿತವಾಗಿ ಮಾಡುವ ಕೆಲಸವೂ ಅಲ್ಲೇ ನಡೆಯುತ್ತಿದೆ.

ಹೆವಿ ಮೆಟಲ್ ಎಂದರೆ ತಲೆ ಕೆದರಿದ ಹುಡುಗರ ಗದ್ದಲ ಎಂದು ತಿಳಿದವರು ಅದರ ಹುಟ್ಟನ್ನು ಒಮ್ಮೆ ನೋಡಬೇಕು. ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ಕಬ್ಬಿಣ, ಉಕ್ಕು, ಕಾರ್ಖಾನೆಗಳ ಊರು. ಅಲ್ಲಿನ ಟೋನಿ ಅಯೋಮಿ ಎಂಬ 17ರ ಹುಡುಗ ಲೋಹದ ತಗಡಿನ ಕಾರ್ಖಾನೆಯಲ್ಲಿ ಕೂಲಿಗಿದ್ದ. ಕೆಲಸ ಬಿಡಬೇಕಿದ್ದ ಕೊನೆಯ ದಿನವೇ ಅವನ ಬಲಗೈಯ ಎರಡು ಬೆರಳುಗಳ ತುದಿ ಯಂತ್ರಕ್ಕೆ ಸಿಕ್ಕಿ ಕತ್ತರಿಸಿ ಹೋಯಿತು. ಅವನು ಎಡಚ. ತಂತಿ ಒತ್ತಬೇಕಾದದ್ದು ಅದೇ ಬಲಗೈ. ಪ್ಲಾಸ್ಟಿಕ್ ಬಾಟಲಿ ಕರಗಿಸಿ, ಬೆರಳಿಗೆ ಟೊಪ್ಪಿಗೆಯಂತೆ ಅಚ್ಚು ಮಾಡಿ, ಮೇಲೆ ತೊಗಲು ಅಂಟಿಸಿಕೊಂಡು ಮತ್ತೆ ಗಿಟಾರ್ ಹಿಡಿದ. ಬೆರಳಿಗೆ ನೋವಾಗದಿರಲೆಂದು ತೆಳು ತಂತಿ ಹಾಕಿದ, ಮುಂದೆ ಶ್ರುತಿಯನ್ನೂ ಇಳಿಸಿದ. 1968ರಲ್ಲಿ ಶುರುವಾಗಿ 1970ರಲ್ಲಿ ಮೊದಲ ಆಲ್ಬಂ ತಂದ ‘ಬ್ಲ್ಯಾಕ್ ಸಬಾತ್’ ತಂಡದ ಆ ಭಾರವಾದ, ಮಂದ್ರದ ನಾದದಲ್ಲಿ ಕೂಲಿಯ ಹುಡುಗನ ಗಾಯದ ಪಾಲು ದೊಡ್ಡದು.

ಅಲ್ಲಿಂದ ಮುಂದೆ ಈ ಸಂಗೀತ ವೇಷಗಳನ್ನು ಕಟ್ಟುತ್ತಲೇ ಹೋಯಿತು. 1973ರಲ್ಲಿ ನ್ಯೂಯಾರ್ಕಿನಲ್ಲಿ ಹುಟ್ಟಿದ ‘ಕಿಸ್’ ತಂಡದ ಏಸ್ ಫ್ರೇಲಿ ಕಣ್ಣ ಸುತ್ತ ಬೆಳ್ಳಿ ಬಣ್ಣ ಬಳಿದುಕೊಂಡು ಅಂತರಿಕ್ಷದಿಂದ ಬಂದವನಾದ. ಐರನ್ ಮೇಡನ್ ತಂಡದ ‘ಎಡ್ಡಿ’ ಎಂಬ ಅಸ್ಥಿಪಂಜರದ ಬೊಂಬೆ ಒಂದು ಆಲ್ಬಂನಲ್ಲಿ ಯಂತ್ರಮಾನವ, ಇನ್ನೊಂದರಲ್ಲಿ ಅನ್ಯಗ್ರಹದ ಮೃಗ. ಇವುಗಳಲ್ಲಿ ವ್ಯಾಪಾರವೂ ಇದೆ, ಬೊಂಬೆ, ಅಂಗಿ, ಪೋಸ್ಟರುಗಳ ಮಾರಾಟವೂ ಇದೆ. ಎಲ್ಲವನ್ನೂ ನೋವಿನ ಲೆಕ್ಕಕ್ಕೆ ಬರೆಯಬೇಕಾಗಿಲ್ಲ.

ಆದರೆ ‘ವೊಯ್‌ವೊಡ್’ ತಂಡದ ಕಥೆ ಬೇರೆ. ಅದು 1982ರಲ್ಲಿ ಕೆನಡಾದ ಕ್ವಿಬೆಕ್ ಪ್ರಾಂತ್ಯದ ಜೋಂಕಿಯೇರ್ ಎಂಬ ದೂರದ ಊರಿನಲ್ಲಿ ಹುಟ್ಟಿತು. ಅದು ಅಲ್ಯೂಮಿನಿಯಂ ಕಾರ್ಖಾನೆಗಳ ಊರು. ಮನೆಮಾತು ಫ್ರೆಂಚ್, ಸುತ್ತಲ ಖಂಡವೆಲ್ಲ ಇಂಗ್ಲಿಷ್. ತಂಡದ ಡ್ರಮ್ಮರ್ ಮಿಶೆಲ್ ಲಾಂಜ್ವೆನ್ ಚಿತ್ರಗಾರನೂ ಹೌದು. ಅಣುಯುದ್ಧದ ನಂತರದ ಹಾಳುಲೋಕದಲ್ಲಿ ಅಲೆಯುವ, ಆಮೇಲೆ ಬಾಹ್ಯಾಕಾಶಕ್ಕೆ ನುಗ್ಗುವ ಪ್ರಾಣಿಯೊಂದನ್ನು ಅವನು ಕಲ್ಪಿಸಿ, ಆಲ್ಬಂನಿಂದ ಆಲ್ಬಂಗೆ ಅದರ ಕಥೆ ಬೆಳೆಸಿದ. ರಾಜಧಾನಿಯಿಂದ ದೂರ, ಭಾಷೆಯಿಂದ ದೂರ, ಚಿಮಣಿಗಳ ನೆರಳಲ್ಲಿ ಬೆಳೆದ ಹುಡುಗರು ತಮ್ಮನ್ನು ಈ ಲೋಕದವರಲ್ಲ ಎಂದುಕೊಂಡರೆ ಅದು ಬರೀ ಶೋಕಿಯಲ್ಲ.

ದೂರದ ಊರು ಎಂಬ ಭಾವ ಚಾಮರಾಜನಗರದವರಿಗೆ ವಿವರಿಸಿ ಹೇಳಬೇಕಾದದ್ದಲ್ಲ. ಮುಖ್ಯಮಂತ್ರಿಯಾದವರು ಇಲ್ಲಿಗೆ ಕಾಲಿಟ್ಟರೆ ಕುರ್ಚಿ ಹೋಗುತ್ತದೆ ಎಂಬ ಮೂಢನಂಬಿಕೆ ದಶಕಗಳ ಕಾಲ ಈ ಊರನ್ನು ಹೊರಗೆ ಕೂರಿಸಿತು. 1997ರಲ್ಲಿ ಮೈಸೂರಿನಿಂದ ಬೇರೆಯಾಗಿ ಜಿಲ್ಲೆಯಾದಾಗ ಆಗಿನ ಮುಖ್ಯಮಂತ್ರಿ ಜೆ.ಎಚ್. ಪಟೇಲರು ಅದನ್ನು ಉದ್ಘಾಟಿಸಿದ್ದು ಜಿಲ್ಲಾ ಕೇಂದ್ರದಲ್ಲಲ್ಲ, ಮಾದಪ್ಪನ, ಅಂದರೆ ಮಲೆ ಮಹದೇಶ್ವರನ ಬೆಟ್ಟದಲ್ಲಿ. 2013ರಲ್ಲಿ ಅಧಿಕಾರಕ್ಕೆ ಬಂದ ಸಿದ್ದರಾಮಯ್ಯನವರು ಮತ್ತೆ ಮತ್ತೆ ಬಂದು ಆ ಭಯ ಮುರಿದರು. 2025ರ ಏಪ್ರಿಲ್ 24ರಂದು ಸಚಿವ ಸಂಪುಟವೇ ಬೆಟ್ಟದಲ್ಲಿ ಸಭೆ ಸೇರಿತು. ಆದರೆ ಒಂದು ಊರಿಗೇ ಅಪಶಕುನದ ಹೆಸರು ಅಂಟಿಸಿದ ಆ ವರ್ಷಗಳು ಜನರ ಮನಸ್ಸಿನಿಂದ ಸುಲಭಕ್ಕೆ ಹೋಗುವಂಥವಲ್ಲ. ಹೊರಗಿನವರಿಗೆ ಈ ಜಿಲ್ಲೆ ಬಹಳ ಕಾಲ ವೀರಪ್ಪನ್ ಕಾಡು ಎಂದಷ್ಟೇ ಗೊತ್ತಿತ್ತು. 2000ದ ಜುಲೈ 30ರ ರಾತ್ರಿ ಗಡಿಯಾಚೆಯ ಗಾಜನೂರಿನಿಂದ ರಾಜ್‌ಕುಮಾರ್ ಅವರನ್ನು ವೀರಪ್ಪನ್ ಹೊತ್ತೊಯ್ದು 108 ದಿನ ಇಟ್ಟುಕೊಂಡಾಗಲಂತೂ ಆ ಹೆಸರು ದೇಶವೆಲ್ಲ ಹಬ್ಬಿತು.

ಗುಂಡ್ಲುಪೇಟೆಯದು ಇನ್ನೊಂದು ಬಗೆ. ಊಟಿಗೆ ಹೋಗುವವರು, ವಯನಾಡಿಗೆ ಹೋಗುವವರು ದಾಟಿಕೊಂಡು ಹೋಗುವ ಊರು.   ಮಳೆಗಾಲದಲ್ಲಿ ಚೆಂಡು ಹೂವಿನ ಹೊಲಗಳು ಅರಳಿದಾಗ ಕೇರಳದ ಕಾರುಗಳು ಸಾಲುಗಟ್ಟಿ ನಿಲ್ಲುತ್ತವೆ. ಫೋಟೊದಲ್ಲಿ ಹೂವು ಇರುತ್ತದೆ. ಹೂ ಬಿಡಿಸುವ ಹೆಂಗಸು ಚೌಕಟ್ಟಿನ ಆಚೆ ಉಳಿಯುತ್ತಾಳೆ.

ಇಂಥ ಸೀಮೆಯ ಮಹಾಕಾವ್ಯಗಳ ನಾಯಕರೆಲ್ಲ ಬೇರೆ ಕಡೆಯಿಂದ ಬಂದವರು, ಬಾಗಿಲಲ್ಲಿ ನಿಂತವರು ಎಂಬುದು ಆಕಸ್ಮಿಕ ಇರಲಾರದು. ಮಾದಪ್ಪ ಉತ್ತರ ದೇಶದಿಂದ ಬಂದ ಜಂಗಮ, ಹುಲಿಯ ಮೇಲೆ ಕೂತು ಬೆಟ್ಟ ತಿರುಗುವ ಮಾಯ್ಕಾರ. ಸೋಲಿಗ ಬುಡಕಟ್ಟಿನ ಹೆಣ್ಣು ಸಂಕಮ್ಮನನ್ನು ಗಂಡ ನೀಲೇಗೌಡ ಅನುಮಾನಿಸಿ, ಆಣೆ ಕೇಳಿ, ಹಿಂಸಿಸಿ, ಕಾಡಿನ ಗುಡಿಸಲಲ್ಲಿ ಒಬ್ಬಳನ್ನೇ ಕೂಡಿಹಾಕಿ ಹೋದಾಗ ಅವಳ ಬಳಿಗೆ ಬರುವವನೂ ಈ ಅಲೆಮಾರಿಯೇ. ಬಿಳಿಗಿರಿಯ ರಂಗನಾಥ ಸೋಲಿಗರ ಕುಸುಮಾಲೆಯನ್ನು ಮದುವೆಯಾಗಿ ಅವರಿಗೆ ಬಾವನಾದವನು. ಮಂಟೇಸ್ವಾಮಿಯಂತೂ ಕಲ್ಯಾಣವನ್ನೇ ಪರೀಕ್ಷೆಗೆ ಹಚ್ಚಿದವನು. ಸಮಾನತೆಯ ಮಾತಾಡುವ ಊರು ಎಷ್ಟು ದೂರದವರೆಗೆ ಸಮಾನ ಎಂದು ಕೇಳಲು ಅವನು ತತ್ವ ಹೇಳಲಿಲ್ಲ, ಕೊಳೆತ ಮೈ ತಂದು ನಿಲ್ಲಿಸಿದ. ಕನ್ನಡದಲ್ಲಿ ಇದಕ್ಕಿಂತ ಧೈರ್ಯದ ವೇಷ ಇನ್ನೊಂದಿಲ್ಲ.

ಮಂಟೇಸ್ವಾಮಿಯ ಶಿಷ್ಯ ಸಿದ್ದಪ್ಪಾಜಿಯ ಕಥೆಗೆ ಬಂದರೆ ಲೋಹವೇ ಎದುರಾಗುತ್ತದೆ. ಸಿದ್ದಪ್ಪಾಜಿ ನಿಡುಘಟ್ಟದ ಕಮ್ಮಾರರ ಮನೆಯ ಹುಡುಗ ಕೆಂಪಾಚಾರಿ. ಗುರು ಅವನನ್ನು ಕುಲುಮೆಯ ಮನೆಯಿಂದ ಬಿಡಿಸಿಕೊಂಡು ಹೋಗುತ್ತಾನೆ. ಆಮೇಲೆ ಅದೇ ಹುಡುಗನನ್ನು ಹಲಗೂರಿನ ಪಾಂಚಾಳರ ಬಳಿಗೆ ಕಬ್ಬಿಣದ ಭಿಕ್ಷೆಗೆ ಕಳಿಸುತ್ತಾನೆ. ತನ್ನ ಕುಲದವರ ಎದುರೇ ಜೋಳಿಗೆ ಹಿಡಿದು, ತಮ್ಮವನಲ್ಲ ಎನ್ನಿಸಿಕೊಂಡು ನಿಲ್ಲುವ ಸ್ಥಿತಿ ಅವನದು. ಅವರು ಕಬ್ಬಿಣ ಕೊಡುವುದಿಲ್ಲ, ಒಂದಾದ ಮೇಲೊಂದು ಪವಾಡ ಕೇಳಿ ಸತಾಯಿಸುತ್ತಾರೆ. ಬರ್ಮಿಂಗ್‌ಹ್ಯಾಮಿನ ತಗಡಿನ ಕಾರ್ಖಾನೆಗೂ ಹಲಗೂರಿನ ಕುಲುಮೆಗೂ ಇತಿಹಾಸದ ಸಂಬಂಧ ಏನೇನೂ ಇಲ್ಲ. ಆದರೆ ಬೆಂಕಿ, ಸುತ್ತಿಗೆ, ಗಾಯಗಳ ನಡುವಿನಿಂದ ಎದ್ದ ಹಾಡು ಎಂಥದ್ದು ಎಂದು ಸಿದ್ದಪ್ಪಾಜಿಯ ಒಕ್ಕಲಿನವರಿಗೆ ಯಾರೂ ಕಲಿಸಬೇಕಾಗಿಲ್ಲ.

ಒಂದು ವ್ಯತ್ಯಾಸವನ್ನು ಮಾತ್ರ ಮರೆಯಬಾರದು. ಕಿಸ್ ತಂಡದವರು ಕಾರ್ಯಕ್ರಮ ಮುಗಿದ ಮೇಲೆ ಬಣ್ಣ ತೊಳೆದುಕೊಳ್ಳುತ್ತಿದ್ದರು. ನೀಲಗಾರನದು ದೀಕ್ಷೆ, ಅದು ತೊಳೆದರೆ ಹೋಗುವುದಲ್ಲ. ಹಾಡುವವರಲ್ಲಿ ದಲಿತರೂ ಇದ್ದಾರೆ, ಬೇರೆ ಸಮುದಾಯದವರೂ ಇದ್ದಾರೆ. ಊರಾಚೆಯ ಕೇರಿಯಿಂದ ಬಂದವನಿಗೆ ಹೊರಗಿನವನ ಪಾತ್ರವನ್ನು ಬೇರೆ ಕಟ್ಟಿಕೊಳ್ಳಬೇಕಿಲ್ಲ, ಊರೇ ಅದನ್ನು ಹುಟ್ಟುತ್ತಲೇ ಅವನ ಮೇಲೆ ಹೊರಿಸಿರುತ್ತದೆ. ಇನ್ನೂ ಒಂದು ಸಂಗತಿಯಿದೆ. ಕಲ್ಯಾಣದ ಕಥೆ ಹಾಡುವಾಗ ನೀಲಗಾರ ಕುಷ್ಠದ ವೇಷ ಹಾಕುವುದಿಲ್ಲ. ತಂಬೂರಿ ಹೆಗಲಿಗೆ ಒರಗಿಸಿಕೊಂಡು ಕೂತಲ್ಲೇ ಕೂತು, ಬರೀ ಮಾತಿನಿಂದ ಆ ಹುಣ್ಣು, ಆ ನೊಣ, ಆ ನಾತವನ್ನು ಕೇಳುವವರ ಮೂಗಿಗೆ ತರುತ್ತಾನೆ. ಹಿಮ್ಮೇಳದವರು ಸೊಲ್ಲು ಎತ್ತಿಕೊಂಡು ಎಳೆಯುತ್ತಿದ್ದರೆ, ಮುಂದಾಳು ಒಂದು ಉಸಿರು ಬಿಟ್ಟು, ಸಭೆಯಲ್ಲಿ ನಿದ್ದೆ ತೂಗುತ್ತಿದ್ದವರನ್ನು ಗದರಿಸಿ, ಮತ್ತೆ ಕಥೆಗೆ ಇಳಿಯುತ್ತಾನೆ. ಮಳವಳ್ಳಿ ಮಹದೇವಸ್ವಾಮಿಯವರ ಕ್ಯಾಸೆಟ್ಟುಗಳನ್ನು ಕೇಳಿ ಬೆಳೆದವರಿಗೆ ಈ ಮಾತಿನ ಬಿಸಿ ಗೊತ್ತು. ಲಕ್ಷಗಟ್ಟಲೆ ಖರ್ಚಿನ ದೀಪ, ಹೊಗೆ, ರಬ್ಬರು ಮಾಡುವ ಕೆಲಸವನ್ನು ಇಲ್ಲಿ ಒಬ್ಬನ ಗಂಟಲು ಮಾಡುತ್ತದೆ.

ಕರ್ನಾಟಕಕ್ಕೆ ಹೆವಿ ಮೆಟಲ್ ಹೊಸದೇನಲ್ಲ. ಬೆಂಗಳೂರಿನ ‘ಕ್ರಿಪ್ಟೋಸ್’ 1998ರಿಂದ ಹಾಡುತ್ತಿದೆ, ಯುರೋಪಿನ ವೇದಿಕೆಗಳಲ್ಲೂ ಹೆಸರು ಮಾಡಿದೆ. 2007ರ ಮಾರ್ಚ್ 17ರಂದು ಐರನ್ ಮೇಡನ್, 2011ರ ಅಕ್ಟೋಬರ್ 30ರಂದು ಮೆಟಾಲಿಕಾ ಅರಮನೆ ಮೈದಾನದಲ್ಲಿ ಹಾಡಿದಾಗ ದೇಶದ ಮೂಲೆಮೂಲೆಯಿಂದ ಹುಡುಗರು ಕಪ್ಪು ಅಂಗಿ ತೊಟ್ಟು ಬಂದಿದ್ದರು. ಬೆಂಗಳೂರಿನ ಮೆಟಲ್ ಹೆಚ್ಚಾಗಿ ಇಂಗ್ಲಿಷಿನಲ್ಲೇ ಉಳಿದದ್ದು ಮಾತ್ರ ನಷ್ಟ. ದೆಹಲಿಯ ‘ಬ್ಲಡಿವುಡ್’ ಢೋಲು, ಹಿಂದಿ, ಪಂಜಾಬಿಗಳನ್ನು ಗಿಟಾರಿನ ಜೊತೆ ಬೆಸೆದು ಜರ್ಮನಿಯ ವಾಕೆನ್ ಉತ್ಸವದವರೆಗೆ ಹೋಯಿತು. ಕನ್ನಡದ ತಂಬೂರಿ ಕಥೆಯ ಮುಂದೆ ಅಂಥ ದಾರಿ ತೆರೆದೇ ಇದೆ.

ಹೇಗೆ ಹೋಗಬೇಕು ಎಂಬುದಕ್ಕೆ ನ್ಯೂಜಿಲೆಂಡಿನ ಒಂದು ತಂಡ ಒಳ್ಳೆಯ ಉದಾಹರಣೆ. ವೈಪು ಎಂಬ ಪುಟ್ಟ ಊರಿನ ಹೆನ್ರಿ ಮತ್ತು ಲೂಯಿಸ್ ಡಿ ಯಾಂಗ್ ಎಂಬ ಅಣ್ಣತಮ್ಮಂದಿರು 2010ರಲ್ಲಿ, ಇನ್ನೂ ಎಳೆಯ ಹುಡುಗರಾಗಿದ್ದಾಗ ಕಟ್ಟಿದ ತಂಡ ‘ಏಲಿಯನ್ ವೆಪನ್ರಿ’. ಹೆಸರು ಬಂದದ್ದು ‘ಡಿಸ್ಟ್ರಿಕ್ಟ್ 9’ ಸಿನಿಮಾದಿಂದ. ಅನ್ಯಗ್ರಹದವರನ್ನು ಜೋಹಾನ್ಸ್‌ಬರ್ಗಿನ ಕೊಳೆಗೇರಿಯಲ್ಲಿ ಬೇಲಿ ಹಾಕಿ ಇಟ್ಟ ಕಥೆ ಅದು, ದಕ್ಷಿಣ ಆಫ್ರಿಕಾದ ವರ್ಣಭೇದದ ನೆನಪಿನಿಂದಲೇ ಹುಟ್ಟಿದ್ದು. ಮಾವೊರಿ ಭಾಷೆಯ ಶಾಲೆಯಲ್ಲಿ ಓದಿದ ಈ ಹುಡುಗರು ಮಾವೊರಿಯಲ್ಲೇ ಮೆಟಲ್ ಹಾಡಿದರು. 1864ರಲ್ಲಿ ಬ್ರಿಟಿಷ್ ಸೇನೆಯ ವಿರುದ್ಧ ಗೇಟ್ ಪಾ ಎಂಬಲ್ಲಿ ನಡೆದ ಕಾಳಗದ ಬಗ್ಗೆ, 1863ರ ಕಾಯ್ದೆ ಮಾವೊರಿಗಳ ನೆಲ ಕಿತ್ತುಕೊಂಡದ್ದರ ಬಗ್ಗೆ ಹಾಡು ಕಟ್ಟಿದರು. ಸ್ವಂತ ನೆಲದಲ್ಲೇ ಪರಕೀಯರಾದವರ ಮಕ್ಕಳು ಅನ್ಯಗ್ರಹದವರ ಹೆಸರು ಇಟ್ಟುಕೊಂಡಾಗ ಅದಕ್ಕೊಂದು ತೂಕ ಬಂತು. ವೇಷವನ್ನು ಅವರು ಅಂಗಡಿಯಿಂದ ತಂದಿರಲಿಲ್ಲ. ಭಾಷೆಯನ್ನು ಮೊದಲು ಕಲಿತಿದ್ದರು, ಹಿರಿಯರ ಕಥೆಯನ್ನು ಮೊದಲು ಕೇಳಿದ್ದರು.

ಕೇಳದೆ ಹೋದರೆ ಏನಾಗುತ್ತದೆ ಎಂಬುದನ್ನು ಚಾಮರಾಜನಗರ 2020ರಲ್ಲಿ ಕಂಡಿದೆ. ಟಿ.ಎಸ್. ನಾಗಾಭರಣರ ‘ಜನುಮದ ಜೋಡಿ’ (1996) ಚಿತ್ರದಲ್ಲಿ ಎಲ್.ಎನ್. ಶಾಸ್ತ್ರಿ ಹಾಡಿದ ಕೋಲುಮಂಡೆ ಹಾಡು ಮಾದಪ್ಪನ ಪದವನ್ನು ನಾಡಿನ ಮೂಲೆಮೂಲೆಗೆ ಮುಟ್ಟಿಸಿತ್ತು. 2020ರ ಆಗಸ್ಟಿನಲ್ಲಿ ಅದೇ ಪದವನ್ನು ಇಟ್ಟುಕೊಂಡು ಚಂದನ್ ಶೆಟ್ಟಿ ರ್‍ಯಾಪ್ ಹಾಡು ತಂದಾಗ, ಸಂಕಮ್ಮನನ್ನು ತೋರಿಸಿದ ರೀತಿಗೆ ಮಾದಪ್ಪನ ಭಕ್ತರು, ಕಲಾವಿದರು ಸಿಟ್ಟಾದರು. ಚಂದನ್ ಕ್ಷಮೆ ಕೇಳಿದರು, ಹಾಡನ್ನು ಯೂಟ್ಯೂಬ್‌ನಿಂದ ತೆಗೆಯಲಾಯಿತು. ಭಕ್ತರ ನೋವು ನಿಜವಾದದ್ದು. ಗಂಡನ ಅನುಮಾನಕ್ಕೆ ಬಲಿಯಾದ ಹೆಣ್ಣಿನ ಸಂಕಟದ ಕಥೆ ಅದು, ಆ ಸಂಕಟವೇ ತೆರೆಯ ಮೇಲೆ ಇಲ್ಲದೆ ಹೋದರೆ ಸಿಟ್ಟು ಬಾರದೆ ಇರುತ್ತದೆಯೇ? ಹಾಗೆಂದು ಹೊಸ ಕಾಲದ ಹುಡುಗರು ಈ ಪದಗಳ ಹತ್ತಿರ ಬರಲೇಬಾರದು ಎಂಬ ತೀರ್ಮಾನ ಸರಿಯಲ್ಲ. ಬರುವ ದಾರಿ ಮಾದಪ್ಪನ ಪದ ಹಾಡುವ ದೇವರಗುಡ್ಡರ, ನೀಲಗಾರರ ಮನೆ ಅಂಗಳದಿಂದ ಹಾದು ಬರಲಿ.

ರ್‍ಯಾಪ್ ಹಾಡಿಗಿಂತ ದೊಡ್ಡ ಅಪಾಯ ಬೇರೆ ಇದೆ, ಅದು ಗೌರವದ ಹೆಸರಿನಲ್ಲೇ ಬರುತ್ತದೆ. ಸರ್ಕಾರಿ ಉತ್ಸವಗಳಲ್ಲಿ, ಮೆರವಣಿಗೆಗಳಲ್ಲಿ ಕಂಸಾಳೆ ಈಗ ಒಬ್ಬರ ಮೇಲೊಬ್ಬರು ಹತ್ತಿ ಗೋಪುರ ಕಟ್ಟುವ ಕಸರತ್ತಾಗಿದೆ. ಕಣ್ಣಿಗೆ ಚೆಂದ, ಆ ಯುವಕರ ಶ್ರಮವೂ ದೊಡ್ಡದು. ಆದರೆ ಕಥೆ ಎಲ್ಲಿ ಹೋಯಿತು? ಸಂಕಮ್ಮ ಇಲ್ಲ, ತಿಪ್ಪೆಗೆ ಬಿದ್ದ ಗುರು ಇಲ್ಲ. ತಂಬೂರಿಯವರಿಗೆ ಮೈಕ್ ಕೊಟ್ಟ ಹತ್ತು ನಿಮಿಷಕ್ಕೆ ನಿರೂಪಕರು ಗಡಿಯಾರ ನೋಡುತ್ತಾರೆ. ಒಂದು ರಾತ್ರಿಯ ಕಾವ್ಯವನ್ನು ಹತ್ತು ನಿಮಿಷಕ್ಕೆ ಇಳಿಸಿದಾಗ ಮೊದಲು ಉದುರುವುದು ಕೀವು, ನೊಣ, ಹೆಂಡ, ಬಾಡು. ಉಳಿಯುವುದು ಯಾವ ದೇವರಿಗಾದರೂ ಒಪ್ಪುವ ಜಯಕಾರ.

ಇದೇ ಒರೆಸಾಟ ಚಿಕ್ಕಲ್ಲೂರಿನಲ್ಲೂ ಕಾಣುತ್ತದೆ. ಬನದ ಹುಣ್ಣಿಮೆಯ ರಾತ್ರಿ ಚಂದ್ರಮಂಡಲ ಹೊತ್ತಿಸಿ ಶುರುವಾಗುವ ಸಿದ್ದಪ್ಪಾಜಿಯ ಐದು ದಿನದ ಜಾತ್ರೆಯಲ್ಲಿ ಪಂಕ್ತಿಸೇವೆ ಮುಖ್ಯವಾದದ್ದು. ಜಾತಿ ನೋಡದೆ ಒಕ್ಕಲಿನವರು ಬಾಡೂಟ ಮಾಡಿ ಒಟ್ಟಿಗೆ ಕೂತು ಉಣ್ಣುತ್ತಾರೆ. ಪ್ರಾಣಿಬಲಿ ನಿಷೇಧದ 1959ರ ಕಾಯ್ದೆಯನ್ನು ಮುಂದಿಟ್ಟು ಇತ್ತೀಚಿನ ವರ್ಷಗಳಲ್ಲಿ ಅದಕ್ಕೆ ಅಡ್ಡಿಗಳು ಬಂದಿವೆ. ಇದು ದೇವರಿಗೆ ಕೊಡುವ ಬಲಿಯಲ್ಲ, ತಾವು ಕೂಡಿ ಉಣ್ಣುವ ಊಟ ಎಂಬುದು ಒಕ್ಕಲಿನವರ ವಾದ. ಆ ವಾದದಲ್ಲಿ ಹುರುಳಿದೆ. ಹೆಂಡ, ಬಾಡು ಹಿಡಿದೇ ಕಲ್ಯಾಣಕ್ಕೆ ಬಂದ ಗುರುವಿನ ಮಕ್ಕಳಿಗೆ ಬಾಗಿಲಲ್ಲಿ ತಪಾಸಣೆ ಮಾಡಿ ಒಳಗೆ ಬಿಡುವುದು ಆ ಕಥೆಗೇ ಬಗೆದ ದ್ರೋಹ.

ಹಿ.ಚಿ. ಬೋರಲಿಂಗಯ್ಯನವರ ಸಂಪಾದಕತ್ವದಲ್ಲಿ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಮಂಟೇಸ್ವಾಮಿ ಕಾವ್ಯವನ್ನು ಅಚ್ಚು ಹಾಕಿದೆ. ಪಿ.ಕೆ. ರಾಜಶೇಖರ ಅವರು 1970ರ ದಶಕದಲ್ಲೇ ಮಲೆಯ ಮಾದೇಶ್ವರ ಕಾವ್ಯವನ್ನು ಸಂಪಾದಿಸಿ ಕೊಟ್ಟರು. ಎಚ್.ಎಸ್. ಶಿವಪ್ರಕಾಶ್ ಮಂಟೇಸ್ವಾಮಿಯನ್ನು ರಂಗಕ್ಕೆ ತಂದರು. ಪುಸ್ತಕ, ನಾಟಕಗಳು ತಮ್ಮ ಕೆಲಸ ಮಾಡಿವೆ. ಉಳಿದಿರುವುದು ಹಾಡಿನ ಕೆಲಸ. ಚಾಮರಾಜನಗರದ ಕಾಲೇಜಿನಲ್ಲಿ ಓದುವ, ಗುಂಡ್ಲುಪೇಟೆಯಿಂದ ಮೈಸೂರಿಗೆ ಬಸ್ಸು ಹಿಡಿಯುವ ಹುಡುಗ ಹುಡುಗಿಯರ ಮೊಬೈಲಿನಲ್ಲಿ ಗಿಟಾರ್ ಪಾಠವೂ ಇದೆ, ಲೋಕದ ಎಲ್ಲ ಮೆಟಲ್ ತಂಡಗಳೂ ಇವೆ. ಅವರಲ್ಲಿ ಯಾರಾದರೂ ಜೋರು ಸಂಗೀತ ಕಟ್ಟಬಯಸಿದರೆ ‘ದೆವ್ವದ ಗದ್ದಲ’ ಎಂದು ಹಿರಿಯರು ಮುಖ ತಿರುಗಿಸಬಾರದು. ಆ ಹುಡುಗರೂ ಪ್ಲಾಸ್ಟಿಕ್ ತಲೆಬುರುಡೆ, ಹಸಿರು ಮುಖದ ಅನ್ಯಗ್ರಹ ಜೀವಿಯನ್ನು ಹುಡುಕಿಕೊಂಡು ಬೇರೆ ದೇಶಕ್ಕೆ ಹೋಗಬೇಕಾಗಿಲ್ಲ.

ತಂಬೂರಿ ಕಥೆಯನ್ನು ಅವರ ಕಿವಿಗೆ ಮುಟ್ಟಿಸಲು ದೊಡ್ಡ ಯೋಜನೆ, ಅಕಾಡೆಮಿ ಏನೂ ಬೇಡ. ಜಿಲ್ಲಾ ದಸರಾದಲ್ಲಿ ಚಾಮರಾಜೇಶ್ವರ ದೇವಾಲಯದ ಆವರಣದ ವೇದಿಕೆಯಲ್ಲಿ ಒಂದು ಇಡೀ ರಾತ್ರಿಯನ್ನು ತಂಬೂರಿ ಕಥೆಗೆ ಬಿಟ್ಟುಕೊಡಬಹುದು. ಸಿನಿಮಾ ಗಾಯಕರಿಗೆ ಹಾಕುವ ಅದೇ ಧ್ವನಿವರ್ಧಕ, ಅದೇ ದೀಪ, ಅದಕ್ಕೆ ತಕ್ಕ ಸಂಭಾವನೆ ಹಾಡುವವರಿಗೂ ಸಿಗಬೇಕು. ಕಥೆಯನ್ನು ಪೂರ್ತಿ ಧ್ವನಿಮುದ್ರಿಸಿ, ಅದರ ಹಕ್ಕನ್ನು ಹಾಡಿದವರ ಹೆಸರಿನಲ್ಲೇ ಇಡಬೇಕು. ಬೆಳಗಾಗುವವರೆಗೆ ಕೂತು ಕೇಳಿದ ಯುವಕರ ತಂಡಗಳಿಗೆ ಮರುದಿನ ಸಂಜೆ, ನೀಲಗಾರರ ಜೊತೆಯಲ್ಲೇ, ಅದೇ ವೇದಿಕೆಯಲ್ಲಿ ಹಾಡಲು ಅವಕಾಶ ಕೊಡಬೇಕು. ಜಿಲ್ಲಾಡಳಿತ, ಕನ್ನಡ ಮತ್ತು ಸಂಸ್ಕೃತಿ ಇಲಾಖೆ ಮನಸ್ಸು ಮಾಡಿದರೆ ಬರುವ ದಸರಾಕ್ಕೇ ಇದನ್ನು ಶುರು ಮಾಡಬಹುದು.